ಅಸ್ತಿತ್ವವಾದವೂ ನಮ್ಮ ನೀತಿಪಾಠವೂ

ಅಸ್ತಿತ್ವವಾದವೆಂದರೆ ಸ್ವೇಚ್ಛಾಚಾರದ ಸಮರ್ಥನೆಯೆಂಬ ಶಂಕೆ ನಮ್ಮ ಅಧ್ಯಾಪಕವರ್ಗದಲ್ಲಿ ಇಂದಿಗೂ ಉಳಿದಿದೆ. ಶಾಸ್ತ್ರಾಧ್ಯಯನದಿಂದ ಬಂದ ನನ್ನ ಅಭಿಪ್ರಾಯ ಬೇರೆ. ಮನುಷ್ಯನಿಗೆ ಪೂರ್ವನಿಶ್ಚಿತ ಸ್ವರೂಪವಿಲ್ಲ. ತನ್ನ ಕೃತಿಗಳಿಂದಲೇ ಅವನು ತನ್ನನ್ನು ರೂಪಿಸಿಕೊಳ್ಳುತ್ತಾನೆ. ಆದುದರಿಂದ ಹೊಣೆಯೂ ಅವನದೇ ಎಂಬುದು ಫ್ರೆಂಚ್ ತತ್ತ್ವಜ್ಞ ಸಾರ್ತ್ರನು 1945ರ ಪ್ಯಾರಿಸ್ ಉಪನ್ಯಾಸದಲ್ಲಿ ಪ್ರತಿಪಾದಿಸಿದ ಮತ. ಇದರಲ್ಲಿ ಸ್ವೈರಕ್ಕೆ ಎಡೆಯೆಲ್ಲಿ?

ಈ ವಿಚಾರ ಕನ್ನಡಕ್ಕೆ ಹೊರಗಿನದಾಗಿ ಉಳಿದಿಲ್ಲ. ನಮ್ಮ ಕುಂದಾಪುರ ಸೀಮೆಯ ಮೊಗೇರಿಯಲ್ಲಿ ಜನಿಸಿದ ಗೋಪಾಲಕೃಷ್ಣ ಅಡಿಗರು ಮುನ್ನಡೆಸಿದ ನವ್ಯಮಾರ್ಗದಲ್ಲಿ ವ್ಯಕ್ತಿಯ ಅಂತರಂಗದ ತೊಳಲಾಟವೇ ಪ್ರಧಾನವಾಯಿತು. 1965ರಲ್ಲಿ ಪ್ರಕಟವಾದ ಯು. ಆರ್. ಅನಂತಮೂರ್ತಿಯವರ ‘ಸಂಸ್ಕಾರ’ವನ್ನೇ ನೋಡಬಹುದು. ಆಚಾರವನ್ನು ಧಿಕ್ಕರಿಸಿ ಬದುಕಿದ ನಾರಣಪ್ಪನ ಶವಸಂಸ್ಕಾರವನ್ನು ಯಾರು ಮಾಡಬೇಕು? ಪ್ರಾಣೇಶಾಚಾರ್ಯರಿಗೆ ಗ್ರಂಥಗಳಲ್ಲಿ ಉತ್ತರ ದೊರೆಯದು; ಮಾರುತಿಯ ಸನ್ನಿಧಿಯಲ್ಲಿಯೂ ದೊರೆಯದು. ಮುಂದೆ ತಾವೇ ನಿಯಮ ಮೀರಿದಾಗ, ಅದನ್ನು ಒಪ್ಪಿಕೊಳ್ಳುವುದೋ ಮರೆಮಾಚುವುದೋ ಎಂಬುದನ್ನು ಅವರೇ ನಿರ್ಧರಿಸಬೇಕಾಗುತ್ತದೆ.

ನಮ್ಮ ನೀತಿಪಾಠದ ಕೊರತೆ ಇಲ್ಲಿಯೇ ಇದೆ. ಸಿದ್ಧ ಉತ್ತರವನ್ನು ಕಂಠಪಾಠ ಮಾಡಿಸಿ ಅಂಕ ಕೊಡುತ್ತೇವೆ. ಸಿದ್ಧ ಉತ್ತರವಿಲ್ಲದ ಸನ್ನಿವೇಶಕ್ಕೆ ವಿದ್ಯಾರ್ಥಿಯನ್ನು ಅಣಿಗೊಳಿಸುವುದಿಲ್ಲ. ಪರಂಪರೆಯ ಆಸರೆಯಿಲ್ಲದ ಆಯ್ಕೆ ಕುರುಡಾದೀತೆಂಬ ಆಕ್ಷೇಪ ನಿಜವೇ. ಆದರೆ ಪರಂಪರೆಯನ್ನು ಅರಿತವನೂ ಕಡೆಗೆ ತಾನೇ ಆರಿಸಿಕೊಳ್ಳಬೇಕು, ಆರಿಸಿದುದರ ಫಲವನ್ನು ತಾನೇ ಹೊರಬೇಕು. ಮೇಲಿನ ತರಗತಿಗಳ ಮಕ್ಕಳೊಡನೆ ಅಧ್ಯಾಪಕರು ಇಂತಹ ಕೃತಿಗಳನ್ನು ಕುಳಿತು ಓದಲಿ. ದಾನಿಗಳು ಅವನ್ನು ಗ್ರಂಥಾಲಯಕ್ಕೆ ಒದಗಿಸಲಿ ಎಂಬುದು ನನ್ನ ವಿನಂತಿ.