ತಡೆಯಾಜ್ಞೆ ಮತ್ತು ಮೇಲಿನ ನ್ಯಾಯಾಲಯ

ಕಾರ್ಖಾನೆಯ ಶೆಡ್ಡನ್ನೋ ಗೋದಾಮನ್ನೋ ಕೊಳ್ಳಲು ಕ್ರಯದ ಕರಾರು ಮಾಡಿಕೊಂಡು ಮುಂಗಡ ಕೊಟ್ಟ ವ್ಯಾಪಾರಿಯು, ಮಾರುವವನು ಬೇರೊಬ್ಬ ಗಿರಾಕಿಯತ್ತ ತಿರುಗಿದನೆಂದು ತಿಳಿದೊಡನೆ ತಾತ್ಕಾಲಿಕ ತಡೆಯಾಜ್ಞೆ ಕೋರಿ ನ್ಯಾಯಾಲಯಕ್ಕೆ ಧಾವಿಸುತ್ತಾನೆ. ಅದು ದೊರೆಯದಿದ್ದರೆ "ಮೇಲಿನ ಕೋರ್ಟಿನಲ್ಲಿ ನೋಡಿಕೊಳ್ಳೋಣ" ಎಂಬ ಸಮಾಧಾನ. ತಡೆಯಾಜ್ಞೆಗೆ ಒಳಗಾದ ಮಾರಾಟಗಾರನದೂ ಇದೇ ಮಾತು. ಈ ಭರವಸೆಗೆ ಕಾನೂನಿನಲ್ಲಿ ಆಧಾರ ತೀರ ಕಡಿಮೆ.

ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆದೇಶದ 1 ಮತ್ತು 2ನೇ ನಿಯಮಗಳಡಿ ಹೊರಡುವ ಆಜ್ಞೆಗಳ ವಿರುದ್ಧ 43ನೇ ಆದೇಶವು ಮೇಲ್ಮನವಿಗೆ ಅವಕಾಶ ನೀಡಿದೆ, ನಿಜ. ಆದರೆ ವ್ಯಾಂಡರ್ ಲಿಮಿಟೆಡ್ ಮತ್ತು ಆಂಟಾಕ್ಸ್ ಇಂಡಿಯಾ ನಡುವಣ ವ್ಯಾಪಾರಚಿಹ್ನೆಯ ವಿವಾದದಲ್ಲಿ ಸರ್ವೋಚ್ಚ ನ್ಯಾಯಾಲಯವು 1990ರಲ್ಲಿಯೇ ಇದರ ಮಿತಿಯನ್ನು ಗುರುತಿಸಿತು. ಕೆಳಗಿನ ನ್ಯಾಯಾಲಯದ ವಿವೇಚನೆ ಸ್ವೇಚ್ಛೆಯದೋ ವಿಪರೀತವೋ ಆಗಿದ್ದರೆ, ಅಥವಾ ಸ್ಥಾಪಿತ ತತ್ತ್ವಗಳನ್ನು ಕಡೆಗಣಿಸಿದ್ದರೆ ಮಾತ್ರ ಹಸ್ತಕ್ಷೇಪ ಸಲ್ಲುತ್ತದೆ. ತಾನಾಗಿದ್ದರೆ ಬೇರೆ ತೀರ್ಮಾನಕ್ಕೆ ಬರುತ್ತಿದ್ದೆನೆಂಬುದು ಸಾಕಾದ ಕಾರಣವಲ್ಲ. 2024ರ ನವೆಂಬರ್‌ನಲ್ಲಿ ಗುಜರಾತಿನ ಕುಟುಂಬವೊಂದರ ಸ್ವತ್ತಿನ ಮಾರಾಟದ ವಿವಾದದಲ್ಲಿ ಅದೇ ತತ್ತ್ವವನ್ನು ಎತ್ತಿಹಿಡಿದು, ತಡೆಯಾಜ್ಞೆಯನ್ನು ತೆರವುಗೊಳಿಸಿದ್ದ ಉಚ್ಚ ನ್ಯಾಯಾಲಯದ ಆದೇಶವನ್ನು ಸರ್ವೋಚ್ಚ ನ್ಯಾಯಾಲಯ ರದ್ದುಪಡಿಸಿತು.

ಆದ್ದರಿಂದ ಮೊದಲ ನ್ಯಾಯಾಲಯದಲ್ಲಿ ಮಂಡಿಸುವ ಕಾಗದಪತ್ರಗಳೇ ನಿರ್ಣಾಯಕ. ಮೇಲ್ನೋಟಕ್ಕೆ ಪ್ರಬಲವಾದ ಹಕ್ಕು, ತುಂಬಲಾಗದ ನಷ್ಟ, ಅನುಕೂಲತೆಯ ತೂಕ ಎಂಬ ಮೂರನ್ನೂ ಅಲ್ಲಿಯೇ ತೋರಿಸಬೇಕು. ಬಾಕಿ ಹಣ ಕೊಡಲು ತಾನು ಸಿದ್ಧನೂ ಇಚ್ಛುಕನೂ ಆಗಿದ್ದೇನೆಂದು ಕೊಳ್ಳುವವನು ಪ್ರಮಾಣಪತ್ರದಲ್ಲಿ ಬರೆದ ಮಾತ್ರಕ್ಕೆ ಪ್ರಯೋಜನವಿಲ್ಲ. ಬ್ಯಾಂಕ್ ಖಾತೆಯ ಶಿಲ್ಕು, ಸಾಲ ಮಂಜೂರಾತಿಯ ಪತ್ರ, ಲೆಕ್ಕಪುಸ್ತಕಗಳು ಅದನ್ನು ಸಮರ್ಥಿಸಬೇಕು. ಕರಾರಿನ ದಿನದಿಂದ ದಾವೆಯ ದಿನದವರೆಗೆ ಖಾತೆಯಲ್ಲಿ ಹಣವೇ ಇರದಿದ್ದ ಖರೀದಿದಾರನ ಬಗ್ಗೆ ನ್ಯಾಯಾಧೀಶರು ಸಂಶಯಪಟ್ಟರೆ, ಆ ಸಂಶಯವನ್ನು ಮೇಲ್ಮನವಿಯಲ್ಲಿ ವಿಪರೀತವೆಂದು ಕರೆಯುವುದು ಹೇಗೆ?

ನಗದಿನ ಮುಂಗಡವಂತೂ ಇನ್ನೂ ಅಪಾಯಕಾರಿ. ಬೆಲೆಯನ್ನು ಬಿಳಿ, ಕಪ್ಪು ಎಂದು ಸೀಳುವ ಹಳೆಯ ಚಾಳಿ ವ್ಯಾಪಾರಿ ವಲಯದಲ್ಲಿ ಇಂದಿಗೂ ಅಳಿದಿಲ್ಲ. ಬೆಂಗಳೂರಿನ ಆರ್‌ಬಿಎಎನ್‌ಎಂಎಸ್ ಶಿಕ್ಷಣ ಸಂಸ್ಥೆಯ ಪ್ರಕರಣದಲ್ಲಿ, 75 ಲಕ್ಷ ರೂ. ನಗದು ಮುಂಗಡ ಕೊಟ್ಟಿದ್ದೇವೆಂದ ವಾದಿಗಳು ಸಂಸ್ಥೆಯು ಸ್ವತ್ತನ್ನು ಪರಭಾರೆ ಮಾಡದಂತೆ ಶಾಶ್ವತ ನಿರ್ಬಂಧ ಕೋರಿದ್ದರು. ಕರಾರಿಗೆ ಸಂಸ್ಥೆ ಪಕ್ಷಗಾರನೇ ಆಗಿರಲಿಲ್ಲ. ಕ್ರಯದ ಕರಾರು ಸ್ವತ್ತಿನಲ್ಲಿ ಯಾವ ಹಕ್ಕನ್ನೂ ಹುಟ್ಟಿಸದೆಂಬ ನಿಯಮದ ಮೇಲೆ ಸರ್ವೋಚ್ಚ ನ್ಯಾಯಾಲಯ 2025ರ ಏಪ್ರಿಲ್‌ನಲ್ಲಿ ದಾವಾಪತ್ರವನ್ನೇ ತಿರಸ್ಕರಿಸಿತು. ಅಷ್ಟಕ್ಕೇ ನಿಲ್ಲದೆ, 2 ಲಕ್ಷ ರೂ. ಮತ್ತು ಮೇಲ್ಪಟ್ಟ ನಗದು ಪಾವತಿಯನ್ನು ಹೇಳಿಕೊಳ್ಳುವ ದಾವೆಗಳ ಮಾಹಿತಿಯನ್ನು ಆದಾಯ ತೆರಿಗೆ ಇಲಾಖೆಗೆ ಕಳುಹಿಸಬೇಕೆಂದು ನ್ಯಾಯಾಲಯಗಳಿಗೆ ನಿರ್ದೇಶಿಸಿತು. ತಡೆಯಾಜ್ಞೆಗೆ ಹೋದವನು ತೆರಿಗೆಯ ನೋಟೀಸು ಹೊತ್ತು ಮರಳುವ ಕಾಲವಿದು.

ಮಾರಾಟಗಾರನ ಸಂಕಟವೂ ಸಣ್ಣದಲ್ಲ. ಸಾಲ ತೀರಿಸಲೆಂದೇ ಶೆಡ್ಡು ಮಾರಹೊರಟ ಸಣ್ಣ ಉದ್ಯಮಿಯ ಬಡ್ಡಿ ತಡೆಯಾಜ್ಞೆಯ ಕಾಲದಲ್ಲಿ ನಿಲ್ಲುವುದಿಲ್ಲ. ಸಾಕಷ್ಟು ಆಧಾರವಿಲ್ಲದೆ ಪಡೆದ ತಡೆಯಾಜ್ಞೆಗೆ ಸಂಹಿತೆಯ 95ನೇ ಪ್ರಕರಣದಡಿ ದೊರೆಯಬಹುದಾದ ಪರಿಹಾರದ ಮಿತಿ 50,000 ರೂಪಾಯಿ; ಅನೇಕರಿಗೆ ಅದು ಒಂದೆರಡು ತಿಂಗಳ ಬಡ್ಡಿಗೂ ಸಾಲದು. ಈ ಮಿತಿಯನ್ನು ಏರಿಸುವುದು ಶಾಸಕಾಂಗದ ಕೆಲಸ. ಅಲ್ಲಿಯವರೆಗೆ, ಬಾಕಿ ಬೆಲೆಯ ಗಣನೀಯ ಭಾಗವನ್ನು ನ್ಯಾಯಾಲಯದಲ್ಲಿ ಠೇವಣಿ ಇಡುವ ಷರತ್ತಿನ ಮೇಲೆಯೇ ತಡೆಯಾಜ್ಞೆ ನೀಡುವುದು ನ್ಯಾಯಸಮ್ಮತ. ಆ ಷರತ್ತನ್ನು ಮಾರಾಟಗಾರನ ವಕೀಲರು ಮೊದಲ ದಿನವೇ ಕೇಳಬೇಕು. ಮೊದಲು ಎತ್ತದ ಬೇಡಿಕೆಯನ್ನು ಪರಿಗಣಿಸಲಿಲ್ಲವೆಂದು ಮೇಲ್ಮನವಿಯಲ್ಲಿ ದೂರುವುದು ಕಷ್ಟ.

ಮೇಲ್ಮನವಿ ಅನಿವಾರ್ಯವಾದರೆ ದಿನಗಳನ್ನು ಎಣಿಸಬೇಕು: ಜಿಲ್ಲಾ ನ್ಯಾಯಾಲಯಕ್ಕೆ 30, ಉಚ್ಚ ನ್ಯಾಯಾಲಯಕ್ಕೆ 90. ಅದರಲ್ಲಿ ಸೋತವನಿಗೆ ಎರಡನೆಯ ಮೇಲ್ಮನವಿಯನ್ನು ಸಂಹಿತೆಯ 104ನೇ ಪ್ರಕರಣ ಮುಚ್ಚಿದೆ.