ವಸಂತಕ್ಕೊಂದು ಕೋಸಂಬರಿ ರೋಲ್

ಯುಗಾದಿ ಹತ್ತಿರ ಬಂತೆಂದರೆ ಜಯನಗರ 4ನೇ ಬ್ಲಾಕ್, ಸಾರಕ್ಕಿ ಮಾರುಕಟ್ಟೆ, ಬನಶಂಕರಿ ಎಲ್ಲಿ ನೋಡಿದರೂ ಮಾವಿನಕಾಯಿ, ಎಳೆ ಸೌತೆಕಾಯಿ, ಪುದೀನ. ಚೀಲ ತುಂಬಾ ತಂದುಬಿಡ್ತೀವಿ. ಆದರೆ ಪರೀಕ್ಷೆ ಮುಗಿಸಿ ಮನೆಯಲ್ಲೇ ಇರುವ ಮಕ್ಕಳು ಸಂಜೆ ನಾಲ್ಕಕ್ಕೆ ಕೇಳೋದು ಮಾತ್ರ ಪಫ್, ಮೊಮೊ, ಸ್ಪ್ರಿಂಗ್ ರೋಲ್! ‘ಕೋಸಂಬರಿ ತಿನ್ನು’ ಅಂದರೆ ಮುಖ ಸೊಟ್ಟ.

ಹಾಗಾದರೆ ಕೋಸಂಬರಿಯನ್ನೇ ರೋಲ್ ಮಾಡಿದರೆ? ಇದರಲ್ಲಿ ತಪ್ಪೇನೂ ಇಲ್ಲ ಬಿಡಿ. ಚೀನೀಯರು ಸ್ಪ್ರಿಂಗ್ ರೋಲಿಗೆ ‘ಚುನ್ ಜುವಾನ್’ ಅಂತಾರೆ. ಚುನ್ ಅಂದರೆ ವಸಂತ, ಜುವಾನ್ ಅಂದರೆ ಸುರುಳಿ. ವಸಂತದ ಎಳೆ ತರಕಾರಿಯನ್ನು ತೆಳು ರೊಟ್ಟಿಯಲ್ಲಿ ಸುತ್ತಿ ತಿನ್ನುವ ಪದ್ಧತಿಯಿಂದ ಬಂದ ಹೆಸರದು. ನಾವು ರಾಮನವಮಿಗೆ ಕೋಸಂಬರಿ, ಪಾನಕ ಮಾಡುವುದೂ ಇದೇ ಋತುವಿನಲ್ಲಿ ತಾನೆ?

ಏನೇನು ಬೇಕು?

ರಾಗಿ ಹಿಟ್ಟು 1 ಕಪ್, ಗೋಧಿ ಹಿಟ್ಟು ಅರ್ಧ ಕಪ್, ಮೊಸರು 2 ಚಮಚ, ಹೆಸರುಬೇಳೆ ಅರ್ಧ ಕಪ್, ಕ್ಯಾರೆಟ್ 1, ಎಳೆ ಸೌತೆಕಾಯಿ 1, ತುರಿದ ಮಾವಿನಕಾಯಿ 3 ಚಮಚ, ತೆಂಗಿನತುರಿ, ಕೊತ್ತಂಬರಿ ಸೊಪ್ಪು, ಉಪ್ಪು. ಒಗ್ಗರಣೆಗೆ ಎಣ್ಣೆ, ಸಾಸಿವೆ, ಇಂಗು, ಹಸಿಮೆಣಸಿನಕಾಯಿ. ಚಟ್ನಿಗೆ ಹುರಿದ ಕಡಲೆಕಾಯಿ ಬೀಜ, ಪುದೀನ, ಹುಣಸೆಹಣ್ಣು, ಚೂರು ಬೆಲ್ಲ.

ಮಾಡೋದು ಹೇಗೆ?

ಬೇಳೆಯನ್ನು ತೊಳೆದು ಒಂದು ಗಂಟೆ ನೆನೆಹಾಕಿ. ತೀರಾ ಚಿಕ್ಕ ಮಕ್ಕಳಿದ್ದರೆ ನೆನೆದ ಬೇಳೆಯನ್ನು ಐದು ನಿಮಿಷ ಹಬೆಯಲ್ಲಿಡಿ. ಎರಡೂ ಹಿಟ್ಟಿಗೆ ಮೊಸರು, ಉಪ್ಪು, ನೀರು ಸೇರಿಸಿ ದೋಸೆ ಹದಕ್ಕೆ ಕಲಸಿ ಹತ್ತು ನಿಮಿಷ ಬಿಡಿ. ಬರೀ ರಾಗಿ ಆದರೆ ದೋಸೆ ಸುತ್ತುವಾಗ ಮುರಿಯುತ್ತೆ. ಅದಕ್ಕೇ ಗೋಧಿ ಹಿಟ್ಟು. ಸೌತೆಕಾಯಿಯ ತಿರುಳು ತೆಗೆದು ಹೆಚ್ಚಿ, ಕ್ಯಾರೆಟ್ ತುರಿದು, ನೀರು ಬಸಿದ ಬೇಳೆಗೆ ಎಲ್ಲವನ್ನೂ ಬೆರೆಸಿ ಒಗ್ಗರಣೆ ಕೊಡಿ. ಉಪ್ಪು ಮಾತ್ರ ಕೊನೆಯಲ್ಲಿ! ಮೊದಲೇ ಹಾಕಿದರೆ ನೀರು ಬಿಟ್ಟು ರೋಲ್ ಮೆತ್ತಗಾಗುತ್ತೆ. ಚಟ್ನಿಯನ್ನು ಗಟ್ಟಿಯಾಗಿ ರುಬ್ಬಿ. ತೆಳ್ಳಗೆ ದೋಸೆ ಹುಯ್ದು, ಎರಡೂ ಬದಿ ಬೇಯಿಸಿ, ಬಿಸಿ ಇರುವಾಗಲೇ ಚಟ್ನಿ ಸವರಿ, ಕೋಸಂಬರಿ ಹರಡಿ ಸುತ್ತಿ. ಮಾಡಿದ ತಕ್ಷಣ ತಿನ್ನಬೇಕು. ಈ ಸೆಕೆಗೆ ಹಸಿ ಕೋಸಂಬರಿ ಬೇಗ ಹಳಸುತ್ತೆ.

ಕರಿಯುವ ಎಣ್ಣೆಯ ಕೆಲಸವಿಲ್ಲ, ಮೈದಾ ಇಲ್ಲ. 100 ಗ್ರಾಂ ರಾಗಿಯಲ್ಲಿ 340 ಮಿಲಿಗ್ರಾಂಗೂ ಹೆಚ್ಚು ಕ್ಯಾಲ್ಸಿಯಂ ಇದೆ. ಬೇಳೆಯ ಕಬ್ಬಿಣಾಂಶ ಮೈಗೆ ಹತ್ತಲು ಮಾವಿನಕಾಯಿಯ ‘ಸಿ’ ವಿಟಮಿನ್ ನೆರವಾಗುತ್ತೆ.

ಮಕ್ಕಳ ಮಾತಾಯ್ತು. ಈಗ ನಿಮ್ಮ ಮಾತು. ಎಲ್ಲರಿಗೂ ಬಿಸಿಬಿಸಿ ಬಡಿಸಿ, ಕೊನೆಗೆ ಹರಿದ ದೋಸೆ, ತಳದ ಕೋಸಂಬರಿಯನ್ನು ಅಡುಗೆ ಕಟ್ಟೆಗೆ ಒರಗಿ ನಿಂತೇ ಮುಗಿಸುವವರು ಯಾರು ಹೇಳಿ? 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ಕರ್ನಾಟಕದ 15ರಿಂದ 49 ವರ್ಷದ ಹೆಣ್ಣುಮಕ್ಕಳಲ್ಲಿ ಸುಮಾರು ಅರ್ಧದಷ್ಟು ಮಂದಿಗೆ ರಕ್ತಹೀನತೆ. ಸುಸ್ತು, ತಲೆಸುತ್ತನ್ನು ‘ಮನೆಗೆಲಸ ಜಾಸ್ತಿ’ ಅಂತ ತಳ್ಳಿಹಾಕದೆ ಒಮ್ಮೆ ರಕ್ತ ಪರೀಕ್ಷೆ ಮಾಡಿಸಿ. ರೋಲ್ ಒಂದರಿಂದಲೇ ರಕ್ತಹೀನತೆ ಹೋಗದು, ನಿಜ. ಆದರೆ ಹೊತ್ತಿಗೆ ಸರಿಯಾಗಿ, ಕೂತು, ಹೊಟ್ಟೆ ತುಂಬ ತಿನ್ನುವ ಅಭ್ಯಾಸ ಎಲ್ಲಿಂದಲಾದರೂ ಶುರುವಾಗಬೇಕಲ್ಲ?

ಇನ್ನೊಂದು ಮಾತು. ತಿಂಡಿ ಜತೆಗೇ ಕಾಫಿ ಹೀರುವ ನಮ್ಮೂರಿನ ಚಾಳಿ ಗೊತ್ತಲ್ಲ, ಕಾಫಿ-ಟೀ ಕಬ್ಬಿಣಾಂಶವನ್ನು ಮೈಗೆ ಸೇರಲು ಬಿಡುವುದಿಲ್ಲ. ಒಂದು ಗಂಟೆ ತಡೆದು ಕುಡಿಯಿರಿ.

ಹಾಗಾಗಿ ಗೆಳತಿಯರೇ, ಈ ಸಲ ದೋಸೆ ಹುಯ್ಯುವಾಗ ಲೆಕ್ಕದಲ್ಲಿ ಒಂದು ಹೆಚ್ಚು ಸೇರಿಸಿ. ಆ ಮೊದಲ ರೋಲ್ ನಿಮ್ಮ ತಟ್ಟೆಗಿರಲಿ!