ನಿಕಾಹ್ ಪುಸ್ತಕದಿಂದ ಗುರುತಿನ ಚೀಟಿಯವರೆಗೆ: ಹೆಣ್ಣಿನ ಹೆಸರೆಂಬ ಅಮಾನತ್ತು

ಒಬ್ಬ ಹೆಣ್ಣುಮಗಳಿಗೆ ಎಷ್ಟು ಹೆಸರುಗಳಿರಬೇಕು? ಒಂದೇ ಎಂದು ಎಲ್ಲರೂ ಉತ್ತರಿಸುತ್ತೇವೆ. ಆದರೆ ನಮ್ಮ ಮನೆಗಳ ಟ್ರಂಕು ತೆರೆದು ಕಾಗದಗಳನ್ನು ಹರಡಿಕೊಂಡರೆ ಲೆಕ್ಕ ಬೇರೆಯೇ ಆಗುತ್ತದೆ. ಶಾಲೆಯ ವರ್ಗಾವಣೆ ಪತ್ರದಲ್ಲಿ ‘ನೂರ್ ಜಹಾನ್’, ನಿಕಾಹ್‌ನಾಮೆಯಲ್ಲಿ ‘ನೂರ್ ಜಾನ್ ಬೀ’, ಆಧಾರ್‌ನಲ್ಲಿ ‘ನೂರಜಾನ್’, ಮತದಾರರ ಗುರುತಿನ ಚೀಟಿಯಲ್ಲಿ ‘ನೂರ್‌ಜಹಾನ್ ಬೇಗಂ’, ಪಡಿತರ ಚೀಟಿಯಲ್ಲಿ ಮನೆಯವರು ಮುದ್ದಿನಿಂದ ಕರೆಯುವ ‘ಮುನ್ನಿ’. ಕಾಗದ ಐದು, ಹೆಸರು ಐದು; ಹೆಣ್ಣುಮಗಳು ಮಾತ್ರ ಒಬ್ಬಳೇ. ಈ ಐವರೂ ತಾನೇ ಎಂದು ಸಾಬೀತುಪಡಿಸುವ ಹೊರೆ ಅವಳ ತಲೆಯ ಮೇಲೆ ಬೀಳುತ್ತದೆ. ಅದೂ ಸಾಮಾನ್ಯವಾಗಿ ಪತಿ ತೀರಿಕೊಂಡಾಗ, ಪಿಂಚಣಿಗೆ ಅರ್ಜಿ ಹಾಕುವಾಗ ಅಥವಾ ತವರಿನ ಆಸ್ತಿಯ ಪಾಲು ಪಡೆಯುವಾಗ, ಅಂದರೆ ಅವಳು ಅತ್ಯಂತ ನಿಸ್ಸಹಾಯಕಳಾಗಿರುವ ಹೊತ್ತಿನಲ್ಲಿ.

ರಾಮನಗರ, ಚನ್ನಪಟ್ಟಣ, ಕನಕಪುರ, ಮಾಗಡಿ ತಾಲೂಕುಗಳ ನಮ್ಮ ಮೊಹಲ್ಲಾಗಳಲ್ಲಿ ಗಂಡಸರ ಬಳಿ ಬಹುಮಟ್ಟಿಗೆ ಚಾಲನಾ ಪರವಾನಗಿ ಇರುತ್ತದೆ. ಆಟೋ, ಟೆಂಪೋ, ದ್ವಿಚಕ್ರ ವಾಹನ ಓಡಿಸುವವರಿಗೆ ಅದೇ ಗುರುತಿನ ಚೀಟಿಯೂ ಆಗಿದೆ. ವಾಹನ ಓಡಿಸದ ನಮ್ಮ ತಾಯಂದಿರ, ಸಹೋದರಿಯರ, ವೃದ್ಧರ ಗತಿಯೇನು? ಅಮೆರಿಕದ ರಾಜ್ಯಗಳಲ್ಲಿ ವಾಹನ ಚಲಾಯಿಸದವರಿಗೂ ಅಲ್ಲಿನ ಸರಕಾರವೇ ಪರವಾನಗಿಯಂಥದೇ ಒಂದು ಗುರುತಿನ ಚೀಟಿಯನ್ನು ಕೊಡುತ್ತದೆ. ನಮ್ಮಲ್ಲಿ ಆ ಕೆಲಸವನ್ನು ಮತದಾರರ ಗುರುತಿನ ಚೀಟಿ ಮತ್ತು ಆಧಾರ್ ಮಾಡುತ್ತಿವೆ. ಟಿ.ಎನ್. ಶೇಷನ್ ಅವರು ಮುಖ್ಯ ಚುನಾವಣಾ ಆಯುಕ್ತರಾಗಿದ್ದಾಗ, 1993ರಲ್ಲಿ ಮತದಾರರ ಭಾವಚಿತ್ರವುಳ್ಳ ಚೀಟಿಯ ವ್ಯವಸ್ಥೆ ಆರಂಭವಾಯಿತು. ಆಧಾರ್ ಬಂದದ್ದು 2010ರಲ್ಲಿ.

ಬಹುಕಾಲ ಈ ಚೀಟಿಗಳು ಟ್ರಂಕಿನ ತಳದಲ್ಲಿದ್ದವು. ಐದು ವರ್ಷಕ್ಕೊಮ್ಮೆ ಹೊರಬಂದು ಮತ್ತೆ ಒಳಸೇರುತ್ತಿದ್ದವು. 2023ರ ಜೂನ್ 11ರಂದು ‘ಶಕ್ತಿ’ ಯೋಜನೆ ಜಾರಿಯಾದ ಮೇಲೆ ಅವು ಕೈಚೀಲಕ್ಕೆ ಬಂದವು. ಮಾಗಡಿಯಿಂದ ಬೆಂಗಳೂರಿಗೆ, ಕನಕಪುರದಿಂದ ರಾಮನಗರಕ್ಕೆ ಸರಕಾರಿ ಬಸ್ಸಿನಲ್ಲಿ ಉಚಿತವಾಗಿ ಹೋಗಬೇಕಾದ ಮಹಿಳೆ ತಾನು ಕರ್ನಾಟಕದವಳೆಂದು ಚೀಟಿ ತೋರಿಸಬೇಕು. ಅದೇ ವರ್ಷದ ಆಗಸ್ಟ್‌ನಲ್ಲಿ ಆರಂಭವಾದ ‘ಗೃಹಲಕ್ಷ್ಮಿ’ಯ ತಿಂಗಳ 2000 ರೂಪಾಯಿ ಬರಬೇಕಾದರೆ ಪಡಿತರ ಚೀಟಿ, ಆಧಾರ್, ಬ್ಯಾಂಕ್ ಖಾತೆ ಮೂರೂ ಒಂದಕ್ಕೊಂದು ಹೊಂದಿಕೊಳ್ಳಬೇಕು. ಹೊಂದದಿದ್ದಾಗ ನಮ್ಮ ಸಹೋದರಿಯರು ದಿನಗೂಲಿ ಬಿಟ್ಟು ಗ್ರಾಮ ಒನ್, ಕರ್ನಾಟಕ ಒನ್, ನಾಡಕಚೇರಿ ಎಂದು ಅಲೆಯುತ್ತಾರೆ. ಅಧಿಕಾರಿಗಳನ್ನು ದೂರುವುದು ಸುಲಭ. ದೂರಬೇಕಾದ ಸಂದರ್ಭಗಳೂ ಇವೆ. ಆದರೆ ಈ ತೊಡಕಿನ ಒಂದು ದೊಡ್ಡ ಪಾಲು ನಮ್ಮ ಮನೆಯಲ್ಲಿ, ನಮ್ಮ ಮಸೀದಿಯ ಕಚೇರಿಯಲ್ಲಿ ಹುಟ್ಟುತ್ತದೆ ಎಂಬುದನ್ನು ನಾವು ಒಪ್ಪಿಕೊಳ್ಳಬೇಕು.

ತೊಡಕಿನ ಮೊದಲ ಬೇರು ಲಿಪಿಯಲ್ಲಿದೆ. ಉರ್ದುವಿನ ಝೇ, ಝಾಲ್, ಝ್ವಾದ್, ಝೋಯ್ ಅಕ್ಷರಗಳೂ ಅವುಗಳ ಜೊತೆಗೆ ಜೀಮ್ ಕೂಡ ಕನ್ನಡಕ್ಕೆ ಬಂದಾಗ ಹೆಚ್ಚಾಗಿ ಒಂದೇ ‘ಜ’ ಆಗುತ್ತವೆ. ‘ಖದೀಜಾ’ ಒಂದು ಕಡೆ ‘ಕತೀಜಾ’ ಆಗುತ್ತದೆ, ‘ಫಾತಿಮಾ’ ಇನ್ನೊಂದು ಕಡೆ ‘ಪಾತಿಮ’ ಆಗುತ್ತದೆ. ಅದೇ ಹೆಸರು ಇಂಗ್ಲಿಷ್‌ಗೆ ಹೋದಾಗ ಒಂದು ‘ಇ’ಯೋ, ಎರಡು ‘ಇ’ಯೋ, ಅಥವಾ ‘ಐ’ಯೋ ಎಂಬುದು ಬರೆಯುವವನ ಕೈಗೆ ಬಿಟ್ಟದ್ದಾಗುತ್ತದೆ. ಮತದಾರರ ಚೀಟಿಯಲ್ಲಿ ಹೆಸರು ಕನ್ನಡದಲ್ಲೂ ಇಂಗ್ಲಿಷ್‌ನಲ್ಲೂ ಇರುವುದರಿಂದ ಎರಡು ಕಡೆಯೂ ತಪ್ಪಲು ಅವಕಾಶವಿದೆ. ಬರೆಯುವ ಗುಮಾಸ್ತನಿಗೆ ಉರ್ದು ತಿಳಿಯದು. ಬರೆಸುವ ತಾಯಿಗೆ ಓದಲು ಬಾರದು. ಜೊತೆಗೆ ಹೋದ ನಾವು ಅವಸರದಲ್ಲಿರುತ್ತೇವೆ. ಮಗುವಿನ ಹೆಸರನ್ನು ಎರಡೂ ಲಿಪಿಗಳಲ್ಲಿ ಒಂದು ಚೀಟಿಯ ಮೇಲೆ ಸ್ಪಷ್ಟವಾಗಿ ಬರೆದು ಕೊಟ್ಟು, ಮುದ್ರಣವಾಗುವ ಮೊದಲು ಓದಿ ನೋಡುವುದಕ್ಕೆ ಎರಡು ನಿಮಿಷ ಸಾಕು. 2023ರ ಅಕ್ಟೋಬರ್ 1ರ ಬಳಿಕ ಹುಟ್ಟಿದ ಮಕ್ಕಳಿಗೆ ಶಾಲೆ, ಮತದಾರರ ಪಟ್ಟಿ, ಆಧಾರ್ ಮೊದಲಾದೆಡೆ ಹುಟ್ಟಿದ ದಿನಾಂಕ ಮತ್ತು ಸ್ಥಳಕ್ಕೆ ಜನನ ಪ್ರಮಾಣ ಪತ್ರವೇ ಆಧಾರವೆಂದು ಕಾನೂನು ಹೇಳುವುದರಿಂದ ಆ ಎರಡು ನಿಮಿಷದ ಬೆಲೆ ಈಗ ಇನ್ನೂ ಹೆಚ್ಚಾಗಿದೆ.

ಎರಡನೆಯ ಬೇರು ಇನ್ನೂ ಆಳವಾದದ್ದು. ಅದು ಮದುವೆಯ ನಂತರ ಹೆಣ್ಣಿನ ಹೆಸರನ್ನು ಬದಲಿಸುವ ರೂಢಿ. ತಂದೆಯ ಹೆಸರು ಹೋಗಿ ಪತಿಯ ಹೆಸರು ಬರುತ್ತದೆ. ‘ಬಾನು’ ಇದ್ದಲ್ಲಿ ‘ಬೇಗಂ’ ಕೂರುತ್ತದೆ. ಕೆಲವೊಮ್ಮೆ ಅತ್ತೆಮನೆಯವರು ಹೊಸ ಹೆಸರನ್ನೇ ಇಡುತ್ತಾರೆ. ಇದು ಶರೀಅತ್‌ನ ಆಜ್ಞೆಯೇ? ಅಲ್ಲ. ದೇಶದ ಕಾನೂನಿನ ಕಡ್ಡಾಯವೇ? ಅದೂ ಅಲ್ಲ. ಸತ್ಯವಿಶ್ವಾಸಿಗಳ ತಾಯಂದಿರನ್ನು ನೋಡಿರಿ. ಅವರು ಮಾನವಕುಲದ ಶ್ರೇಷ್ಠರ ಪತ್ನಿಯರಾಗಿದ್ದರೂ ಚರಿತ್ರೆಯಲ್ಲಿ ಆಯಿಶಾ ಬಿಂತ್ ಅಬೂಬಕರ್(ರ), ಹಫ್ಸಾ ಬಿಂತ್ ಉಮರ್(ರ), ಖದೀಜಾ ಬಿಂತ್ ಖುವೈಲಿದ್(ರ) ಎಂದೇ ಉಳಿದರು. ಪತಿಯ ಗೌರವ ಕಾಪಾಡಲು ತಂದೆಯ ಹೆಸರನ್ನು ಅಳಿಸಬೇಕೆಂದು ಯಾರೂ ಅವರಿಗೆ ಹೇಳಲಿಲ್ಲ. ದತ್ತುಮಕ್ಕಳನ್ನು ಅವರ ಜನ್ಮದಾತರ ಹೆಸರಿನಿಂದಲೇ ಕರೆಯಬೇಕೆಂದು ಪವಿತ್ರ ಕುರ್‌ಆನ್‌ನ ಅಲ್ ಅಹ್ಝಾಬ್ ಅಧ್ಯಾಯದ 5ನೇ ಸೂಕ್ತ ಆದೇಶಿಸಿದಾಗ, ಅದುವರೆಗೆ ಝೈದ್ ಬಿನ್ ಮುಹಮ್ಮದ್ ಎನಿಸಿಕೊಂಡಿದ್ದವರು ಮತ್ತೆ ಝೈದ್ ಬಿನ್ ಹಾರಿಸಾ(ರ) ಆದರು. ಪ್ರವಾದಿವರ್ಯರ(ಸ) ಮನೆಯ ಪ್ರೀತಿಯೂ ಆ ಸತ್ಯದ ದಾಖಲೆಯನ್ನು ಬದಲಿಸಲಿಲ್ಲ. ಹೀಗಿರುವಾಗ ಬರೀ ರೂಢಿಯೊಂದಕ್ಕಾಗಿ ನಮ್ಮ ಹೆಣ್ಣುಮಕ್ಕಳ ಹೆಸರನ್ನು ನಾವೇಕೆ ಕದಡಬೇಕು?

ಇಲ್ಲಿಯೇ ನಮ್ಮ ಮುಖ್ಯ ಮಾತಿದೆ. ಜನನ ಪತ್ರ, ಆಧಾರ್, ಮತದಾರರ ಚೀಟಿ ಇವೆಲ್ಲ ಸರಕಾರದ ಕೈಯಲ್ಲಿವೆ. ಪೂರ್ತಿ ನಮ್ಮ ಕೈಯಲ್ಲಿರುವ ದಾಖಲೆಯೆಂದರೆ ಜಮಾಅತ್‌ನ ನಿಕಾಹ್ ಪುಸ್ತಕ ಒಂದೇ. ಅದರಲ್ಲಿ ವಧುವಿನ ಹೆಸರನ್ನು ಮದುವೆ ಮಂಟಪದ ಗದ್ದಲದ ನಡುವೆ, ಯಾರೋ ಕೂಗಿ ಹೇಳಿದಂತೆ ಬರೆಯುವ ಪರಿಪಾಠ ಇನ್ನಾದರೂ ನಿಲ್ಲಲಿ. ನಿಕಾಹ್‌ಗೆ ಒಂದು ವಾರ ಮೊದಲೇ ವಧುವರರ ಎಸ್‌ಎಸ್‌ಎಲ್‌ಸಿ ಅಂಕಪಟ್ಟಿ ಅಥವಾ ಜನನ ಪತ್ರವನ್ನು ತರಿಸಿಕೊಂಡು, ಅದರಲ್ಲಿರುವ ಅಕ್ಷರಗಳನ್ನೇ ಹಾಗೆಯೇ ಪುಸ್ತಕಕ್ಕೆ ಇಳಿಸಬೇಕು. ಸಾಲದ ವಿಷಯದಲ್ಲಿ ಬರೆದಿಡಿರಿ, ಬರೆಯುವವನು ನ್ಯಾಯವಾಗಿ ಬರೆಯಲಿ, ಸಾಕ್ಷಿಗಳಿರಲಿ ಎಂದು ಬೋಧಿಸುವ ಅಲ್ ಬಕರಾ ಅಧ್ಯಾಯದ 282ನೇ ಸೂಕ್ತವು ಕುರ್‌ಆನ್‌ನಲ್ಲೇ ಅತ್ಯಂತ ದೀರ್ಘವಾದ ಸೂಕ್ತ. ಹಣದ ದಾಖಲೆಗೆ ಇಷ್ಟು ಎಚ್ಚರ ಕಲಿಸಿದ ಧರ್ಮದ ಅನುಯಾಯಿಗಳು ಒಂದು ಜೀವದ ದಾಖಲೆಯಲ್ಲಿ ಅಲಕ್ಷ್ಯ ತೋರುವುದು ತರವೇ?

ವಯಸ್ಸಿನ ವಿಷಯದಲ್ಲಂತೂ ಇದು ಬರೀ ಅಲಕ್ಷ್ಯವಲ್ಲ, ಸುಳ್ಳುಸಾಕ್ಷಿ. ಹದಿನೆಂಟು ತುಂಬದ ಹುಡುಗಿಯ ವಯಸ್ಸನ್ನು ಕಾಗದದಲ್ಲಿ ಏರಿಸಿ ಮದುವೆ ಮಾಡುವವರು ಕಾನೂನಿಗೂ ಅಲ್ಲಾಹನಿಗೂ ಉತ್ತರಿಸಬೇಕಾಗುತ್ತದೆ. ಅಂದು ಬರೆದ ಸುಳ್ಳು ಮುಂದೆಯೂ ಬೆನ್ನು ಬಿಡುವುದಿಲ್ಲ. ಆಧಾರ್‌ನಲ್ಲಿ ಹುಟ್ಟಿದ ದಿನಾಂಕವನ್ನು ಸಾಮಾನ್ಯವಾಗಿ ಒಮ್ಮೆ ಮಾತ್ರ, ಹೆಸರನ್ನು ಎರಡು ಸಲ ಮಾತ್ರ ತಿದ್ದಲು ಅವಕಾಶವಿದೆ. 65 ತುಂಬಿದವರಿಗೆ ಸಿಗುವ ಸಂಧ್ಯಾ ಸುರಕ್ಷಾ ಪಿಂಚಣಿಯ ಹೊತ್ತಿಗೆ ಹಳೆಯ ಸುಳ್ಳು ವಯಸ್ಸೇ ಅಡ್ಡ ಬಂದು ನಿಲ್ಲಬಹುದು. ಮತದಾರರ ಅರ್ಜಿಯಲ್ಲಿ ಸುಳ್ಳು ಘೋಷಣೆ ಮಾಡಿದರೆ 1950ರ ಜನಪ್ರಾತಿನಿಧ್ಯ ಕಾಯ್ದೆಯ ಪ್ರಕಾರ ಒಂದು ವರ್ಷದವರೆಗೆ ಸೆರೆವಾಸ, ದಂಡ ಅಥವಾ ಎರಡೂ ಆಗಬಹುದು. ಮಾಗಡಿಯ ತವರಿನಲ್ಲೊಂದು, ಚನ್ನಪಟ್ಟಣದ ಗಂಡನ ಮನೆಯಲ್ಲೊಂದು ಎಂದು ಎರಡು ಕಡೆ ಹೆಸರು ಇಟ್ಟುಕೊಳ್ಳುವುದಕ್ಕೂ ಕಾನೂನಿನಲ್ಲಿ ಅವಕಾಶವಿಲ್ಲ.

“ತಲೆತಲಾಂತರದಿಂದ ಇಲ್ಲಿಯೇ ಇದ್ದೇವೆ, ನಮ್ಮ ಅಜ್ಜಂದಿರ ಗೋರಿಗಳು ಇಲ್ಲಿಯೇ ಇವೆ. ನಾವೇಕೆ ಕಾಗದ ತೋರಿಸಬೇಕು?” ಎಂದು ಕೇಳುವವರಿದ್ದಾರೆ. ಆ ನೋವು ನಮಗೆ ಅರ್ಥವಾಗುತ್ತದೆ. ಅದು ಸುಳ್ಳು ನೋವೂ ಅಲ್ಲ. ಈ ನೆಲದ ಹೆಸರೇ ಎಷ್ಟು ಸಲ ಬದಲಾಗಿದೆ! ರಾಮನಗರವನ್ನು ಕ್ಲೋಸ್‌ಪೇಟೆ ಎಂದು ಕರೆಯುತ್ತಿದ್ದುದನ್ನು ಹಿರಿಯರು ಬಲ್ಲರು. ಬೆಂಗಳೂರು ಗ್ರಾಮಾಂತರದಲ್ಲಿದ್ದ ನಮ್ಮ ತಾಲೂಕುಗಳು 2007ರಲ್ಲಿ ರಾಮನಗರ ಜಿಲ್ಲೆಯಾದವು. 2025ರಲ್ಲಿ ಆ ಜಿಲ್ಲೆಗೆ ಬೆಂಗಳೂರು ದಕ್ಷಿಣ ಎಂದು ಹೆಸರಾಯಿತು. ಊರಿನ ಹೆಸರು ಬದಲಾದರೆ ಸರಕಾರವೇ ಆದೇಶ ಹೊರಡಿಸಿ ಎಲ್ಲರಿಗೂ ತಿಳಿಸುತ್ತದೆ. ಬಡ ಹೆಣ್ಣುಮಗಳ ಹೆಸರು ಬದಲಾದರೆ ಅವಳ ಪರವಾಗಿ ಆದೇಶ ಹೊರಡಿಸುವವರು ಯಾರೂ ಇಲ್ಲ.

ಪ್ರವಾದಿವರ್ಯರು(ಸ) ರೋಮ್ ಚಕ್ರವರ್ತಿಗೆ ಪತ್ರ ಬರೆಸಲು ನಿರ್ಧರಿಸಿದಾಗ, ಮುದ್ರೆಯಿಲ್ಲದ ಪತ್ರವನ್ನು ಅವರು ಓದುವುದಿಲ್ಲವೆಂದು ಸಂಗಾತಿಗಳು ಅರಿಕೆ ಮಾಡಿಕೊಂಡರು. ‘ನನ್ನ ಸತ್ಯಕ್ಕೆ ಮುದ್ರೆಯ ಹಂಗೇಕೆ’ ಎಂಬ ಭಾವನೆ ಅಲ್ಲಿ ಅಡ್ಡ ಬರಲಿಲ್ಲ. ಬೆಳ್ಳಿಯ ಉಂಗುರವೊಂದನ್ನು ಮಾಡಿಸಿ ಅದರಲ್ಲಿ ತಮ್ಮ ಹೆಸರನ್ನು ಕೆತ್ತಿಸಿದರು. ಪತ್ರ ತಲುಪಬೇಕಾದರೆ ತಲುಪುವ ದಾರಿಯನ್ನು ಒಪ್ಪಿಕೊಳ್ಳಬೇಕು. ಅದರಿಂದ ಆತ್ಮಗೌರವಕ್ಕೆ ಕುಂದಿಲ್ಲ. 2025ರ ಆಗಸ್ಟ್ 1ರಂದು ಬಿಹಾರದಲ್ಲಿ ಪ್ರಕಟವಾದ ಕರಡು ಮತದಾರರ ಪಟ್ಟಿಯಲ್ಲಿ ಹಿಂದಿನ ಪಟ್ಟಿಯ ಸುಮಾರು 65 ಲಕ್ಷ ಹೆಸರುಗಳು ಇರಲಿಲ್ಲ. ಬಿಟ್ಟ ಹೆಸರುಗಳನ್ನು ಕಾರಣಸಹಿತ ಪ್ರಕಟಿಸುವಂತೆ ಸುಪ್ರೀಂ ಕೋರ್ಟ್ ಹೇಳಬೇಕಾಯಿತು. ನ್ಯಾಯಕ್ಕಾಗಿ ದನಿ ಎತ್ತುವುದು ಒಂದು ಕೆಲಸ, ಕಾಗದವನ್ನು ಸರಿಯಾಗಿಟ್ಟುಕೊಳ್ಳುವುದು ಇನ್ನೊಂದು ಕೆಲಸ. ಮೊದಲನೆಯದನ್ನು ಮಾಡುವವರು ಎರಡನೆಯದನ್ನು ಬಿಡಬಾರದು.

ದಾರಿ ಕಠಿಣವಾದದ್ದೇನಲ್ಲ. ಹೊಸದಾಗಿ ಹೆಸರು ಸೇರಿಸಲು ನಮೂನೆ 6. ತಿದ್ದುಪಡಿಗೆ, ವಿಳಾಸ ಬದಲಾವಣೆಗೆ, ಕಳೆದುಹೋದ ಚೀಟಿಗೆ ನಮೂನೆ 8. ನಮೂನೆಗಳಿಗೆ ಹಣ ಕೊಡಬೇಕಾಗಿಲ್ಲ. ಮತಗಟ್ಟೆ ಮಟ್ಟದ ಅಧಿಕಾರಿಯ ಬಳಿ ಅಥವಾ ಚುನಾವಣಾ ಆಯೋಗದ ಜಾಲತಾಣದಲ್ಲಿ ಅರ್ಜಿ ಸಲ್ಲಿಸಬಹುದು; ವಿಚಾರಣೆಗೆ 1950 ಸಂಖ್ಯೆಯಿದೆ. ಹದಿನೇಳು ತುಂಬಿದ ಮಕ್ಕಳು ಮುಂಚಿತವಾಗಿಯೇ ಅರ್ಜಿ ಹಾಕಬಹುದು. ಈಗ ವರ್ಷಕ್ಕೆ ನಾಲ್ಕು ಅರ್ಹತಾ ದಿನಾಂಕಗಳಿರುವುದರಿಂದ, ಹದಿನೆಂಟು ತುಂಬಿದ ಮೇಲೆ ಮುಂದಿನ ಜನವರಿಯವರೆಗೆ ಕಾಯಬೇಕಾಗಿಲ್ಲ. ಚೀಟಿ ಕೈಯಲ್ಲಿದ್ದರಷ್ಟೇ ಸಾಲದು, ಪಟ್ಟಿಯಲ್ಲಿ ಹೆಸರು ಉಳಿದಿದೆಯೇ ಎಂದು ಪ್ರತಿ ಪರಿಷ್ಕರಣೆಯಲ್ಲೂ ನೋಡಿಕೊಳ್ಳಬೇಕು.

ಭಾವಚಿತ್ರದ ಬಗ್ಗೆ ಕೆಲವು ಮನೆಗಳಲ್ಲಿ ಸಂಕೋಚವಿದೆ. ತಲೆವಸ್ತ್ರ ಇರಬಹುದು, ಮುಖ ಸ್ಪಷ್ಟವಾಗಿ ಕಾಣಬೇಕು, ಅಷ್ಟೇ. ಸಾಕ್ಷ್ಯ ಮತ್ತು ವ್ಯವಹಾರದಂತಹ ಅಗತ್ಯಗಳಲ್ಲಿ ಗುರುತಿಗಾಗಿ ಮುಖ ತೋರಿಸುವುದನ್ನು ನಮ್ಮ ಫಿಕ್‌ಹ್ ವಿದ್ವಾಂಸರು ಹಿಂದಿನಿಂದಲೂ ಅನುಮತಿಸಿದ್ದಾರೆ. ತಮಿಳುನಾಡಿನಿಂದ ಬಂದ ಪ್ರಕರಣವೊಂದರಲ್ಲಿ 2010ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಕೂಡ ಮತದಾರರ ಭಾವಚಿತ್ರದಲ್ಲಿ ಮುಖ ಕಾಣಲೇಬೇಕೆಂಬ ನಿಲುವು ತಾಳಿತು. ಹಜ್ಜ್ ಯಾತ್ರೆಯ ಪಾಸ್‌ಪೋರ್ಟಿಗೆ ಮುಖದ ಚಿತ್ರ ಕೊಡುವ ನಾವು ಮತದ ಚೀಟಿಗೆ ಹಿಂಜರಿಯಲು ಕಾರಣವಿಲ್ಲ.

ರೇಷ್ಮೆ ನೂಲು ತೆಗೆಯುವ ಮನೆಗಳ ಮಹಿಳೆಯರ ಕಷ್ಟ ಬೇರೆ. ಕುದಿಯುವ ನೀರಿನ ಗೂಡುಗಳಲ್ಲಿ ದಿನವಿಡೀ ಕೈಯಾಡಿಸುವವರ ಬೆರಳಿನ ಗೆರೆಗಳು ಸವೆಯುತ್ತವೆ. ಯಂತ್ರ ಅವರ ಬೆರಳಚ್ಚನ್ನು ಒಪ್ಪುವುದಿಲ್ಲ. ಅಂಥವರಿಗೆ ಕಣ್ಣಿನ ಪಾಪೆ, ಮುಖ ಅಥವಾ ಮೊಬೈಲಿಗೆ ಬರುವ ಒಟಿಪಿಯ ಮೂಲಕ ದೃಢೀಕರಿಸುವ ದಾರಿಗಳಿವೆ. ಆದರೆ ಆ ಒಟಿಪಿ ಯಾರ ಮೊಬೈಲಿಗೆ ಬರುತ್ತದೆ? ನಮ್ಮ ಎಷ್ಟೋ ಹೆಣ್ಣುಮಕ್ಕಳ ಆಧಾರ್‌ಗೆ ಜೋಡಿಸಿರುವುದು ಪತಿಯ, ಅಣ್ಣನ ಅಥವಾ ಭಾವನ ಸಂಖ್ಯೆ. ತಲಾಕ್ ಆದಾಗ, ಪತಿ ಕೊಲ್ಲಿ ದೇಶದಲ್ಲಿದ್ದಾಗ, ಮನೆಯಲ್ಲಿ ಮನಸ್ತಾಪ ಬಂದಾಗ ಅವಳ ಗುರುತಿನ ಕೀಲಿಕೈ ಇನ್ನೊಬ್ಬರ ಜೇಬಿನಲ್ಲಿರುತ್ತದೆ. ಮಹರ್ ಅನ್ನು ಹೆಣ್ಣಿನ ಸ್ವಂತ ಹಕ್ಕೆಂದು ಸಾರುವ ನಾವು ಅವಳ ಹೆಸರು, ಅವಳ ಸಂಖ್ಯೆ, ಅವಳ ಖಾತೆಯೂ ಅವಳದೇ ಆಗಿರುವಂತೆ ನೋಡಿಕೊಳ್ಳಬೇಕು.

ಉಮರ್(ರ) ಅವರು ಖಲೀಫರಾಗಿದ್ದಾಗ ಜನರ ಹೆಸರುಗಳನ್ನು ದೀವಾನ್ ಎಂಬ ದಫ್ತರದಲ್ಲಿ ಬರೆಸಿ ಭತ್ಯೆ ಹಂಚುತ್ತಿದ್ದರು. ಮೊದಲು ಹಾಲು ಬಿಟ್ಟ ಮಕ್ಕಳಿಗೆ ಮಾತ್ರ ಭತ್ಯೆಯಿತ್ತು. ಅದಕ್ಕಾಗಿ ತಾಯಿಯೊಬ್ಬಳು ಅವಧಿಗೆ ಮೊದಲೇ ಕೂಸಿಗೆ ಹಾಲು ಬಿಡಿಸುತ್ತಿದ್ದುದನ್ನೂ ಕೂಸು ರಾತ್ರಿಯಿಡೀ ಅಳುತ್ತಿದ್ದುದನ್ನೂ ಕೇಳಿದ ಉಮರ್(ರ), ಹುಟ್ಟಿದ ಕೂಡಲೇ ಪ್ರತಿ ಮಗುವಿಗೂ ಭತ್ಯೆ ನಿಗದಿಪಡಿಸಿದರೆಂದು ಚರಿತ್ರಕಾರರು ಬರೆದಿದ್ದಾರೆ. ದಫ್ತರಕ್ಕೆ ಹೆಸರು ಸೇರುವುದೆಂದರೆ ದುರ್ಬಲರ ಪಾಲು ಅವರಿಗೆ ತಲುಪುವುದು ಎಂದು ಅವರು ಅರಿತಿದ್ದರು.

ನಮ್ಮ ನಾಲ್ಕು ತಾಲೂಕುಗಳ ಮಸೀದಿ ಕಮಿಟಿಗಳು ತಿಂಗಳಿಗೊಂದು ಜುಮಾ ದಿನ, ನಮಾಝ್‌ನ ಬಳಿಕ ಎರಡು ತಾಸು, ಓದಿದ ಯುವಕ ಯುವತಿಯರನ್ನು ಕೂರಿಸಿ ಮೊಹಲ್ಲಾದ ಕಾಗದಗಳನ್ನು ನೋಡಿಸಲಿ. ಮಹಿಳೆಯರ ಕಾಗದಗಳನ್ನು ಮಹಿಳೆಯರೇ ನೋಡುವ ಏರ್ಪಾಡಿರಲಿ. ದಲ್ಲಾಳಿಗೆ ಕೊಡುವ ಹಣ ಬಡವರ ಮನೆಯಲ್ಲೇ ಉಳಿಯಲಿ. ಎಲ್ಲಕ್ಕಿಂತ ಮೊದಲು ನಿಕಾಹ್ ಪುಸ್ತಕದ ಮುಂದಿನ ಪುಟದಲ್ಲಿ ಬರೆಯಲಿರುವ ಹೆಣ್ಣುಮಗಳ ಹೆಸರು, ಅವಳ ತಂದೆ ಇಟ್ಟ ಹೆಸರೇ ಆಗಿ, ಅವಳ ಅಂಕಪಟ್ಟಿಯಲ್ಲಿರುವ ಅಕ್ಷರಗಳಲ್ಲೇ ಇರಲಿ.

ಅಮಾನತ್ತುಗಳನ್ನು ಅವುಗಳ ಹಕ್ಕುದಾರರಿಗೆ ಸರಿಯಾಗಿ ತಲುಪಿಸುವ ಬುದ್ಧಿಯನ್ನೂ ಶಕ್ತಿಯನ್ನೂ ಅಲ್ಲಾಹನು ನಮಗೆಲ್ಲರಿಗೂ ದಯಪಾಲಿಸಲಿ. ಆಮೀನ್.